ಜಾಗದ ತಕರಾರು, ಪೋಲೀಸು ಫಿರ್ಯಾದು

ಮಳೆಗಾಲ ಮುಗಿದು ಗದ್ದೆಯ ಕೊಯ್ಲೂ ಆಯಿತೆಂದರೆ ಕುಂದಾಪುರ, ಬೈಂದೂರು, ಬ್ರಹ್ಮಾವರದ ಕಡೆಗಳಲ್ಲಿ ಬೇಲಿ ಸರಿಪಡಿಸುವ, ಕೆಂಪುಕಲ್ಲಿನ ಪಾಗಾರ ಕಟ್ಟಿಸುವ ಕೆಲಸಗಳು ಮೊದಲಾಗುತ್ತವೆ. ಅದರ ಬೆನ್ನಿಗೇ ಜಗಳಗಳೂ ಬರುತ್ತವೆ. “ಕಲ್ಲು ನಮ್ಮ ಜಾಗಕ್ಕೆ ಬಂತು” ಎಂದು ಒಬ್ಬರು, “ನಮ್ಮ ಅಜ್ಜನ ಕಾಲದಿಂದ ಇದೇ ಗಡಿ” ಎಂದು ಇನ್ನೊಬ್ಬರು. ಮಾತಿಗೆ ಮಾತು ಬೆಳೆದು, “ಕಾಂಬ, ಸ್ಟೇಶನ್ನಲ್ಲೇ ಕಾಂಬ” ಎಂಬಲ್ಲಿಗೆ ಬಂದು ನಿಲ್ಲುತ್ತದೆ. ಮಾರನೆಯ ದಿನ ನೆರೆಮನೆಯವರ ಮೇಲೆ, ಎಷ್ಟೋ ಸಲ ಒಡಹುಟ್ಟಿದವರ ಮೇಲೆಯೇ, ಠಾಣೆಯಲ್ಲಿ ಒಂದು ಫಿರ್ಯಾದು ದಾಖಲಾಗಿರುತ್ತದೆ.

ಅಂಥ ಫಿರ್ಯಾದಿಗೆ ಮುಂದೇನಾಗುತ್ತದೆ, ಯಾವುದನ್ನು ಹೈಕೋರ್ಟು ರದ್ದು ಮಾಡುತ್ತದೆ, ಯಾವುದನ್ನು ಮಾಡುವುದಿಲ್ಲ ಎಂಬುದನ್ನು ತಿಳಿದಿರುವುದು ಫಿರ್ಯಾದು ಕೊಡುವವರಿಗೂ ಕೊಡಿಸಿಕೊಳ್ಳುವವರಿಗೂ ಒಳ್ಳೆಯದು. ಇಡೀ ವಿಷಯ ಎರಡು ಪ್ರಶ್ನೆಗಳ ಮೇಲೆ ನಿಂತಿದೆ. ಜಾಗ ಯಾರದು ಎಂಬುದು ಒಂದು. ಯಾರಾದರೂ ಅಪರಾಧ ಮಾಡಿದ್ದಾರೆಯೆ ಎಂಬುದು ಇನ್ನೊಂದು. ಮೊದಲನೆಯದಕ್ಕೆ ಉತ್ತರ ಹೇಳಬೇಕಾದುದು ಸಿವಿಲ್ ಕೋರ್ಟು. ಎರಡನೆಯದಕ್ಕೆ ಕ್ರಿಮಿನಲ್ ಕೋರ್ಟು. ಮೊದಲ ಪ್ರಶ್ನೆಗೆ ಎರಡನೆಯದರ ವೇಷ ತೊಡಿಸಿ ಠಾಣೆಗೆ ಕಳುಹಿಸಿದಾಗಲೇ ರದ್ದತಿಯ ಮಾತು ಹುಟ್ಟುವುದು.

ನಮ್ಮ ಈ ಮೂರು ತಾಲ್ಲೂಕುಗಳಲ್ಲಿ ಮೊದಲನೆಯ ಪ್ರಶ್ನೆಗೆ ಉತ್ತರ ಸುಲಭವಲ್ಲ. ಇದಕ್ಕೆ ಚರಿತ್ರೆಯ ಕಾರಣಗಳುಂಟು. 1956ರ ವರೆಗೆ ಈ ಪ್ರದೇಶ ಮದರಾಸಿಗೆ ಸೇರಿದ್ದ ದಕ್ಷಿಣ ಕನ್ನಡ ಜಿಲ್ಲೆಯ ಭಾಗ. ವರ್ಗ, ಮೂಲಗೇಣಿ, ಚಾಲಗೇಣಿ ಎಂಬ ಪದ್ಧತಿಗಳು ಒಂದೇ ಜಮೀನಿನ ಮೇಲೆ ಒಬ್ಬರಿಗಿಂತ ಹೆಚ್ಚು ಜನರ ಹಕ್ಕನ್ನು ಪದರಪದರವಾಗಿ ಹೊರಿಸಿದ್ದವು. ಹಳೆಯ ವರ್ಗ ಭೂಮಿಯ ಸುತ್ತ ನೂರು ಗಜದೊಳಗಿನ ಸರಕಾರಿ ಜಾಗದಲ್ಲಿ ಸೊಪ್ಪು ಸೌದೆ ತರುವ ಕುಮ್ಕಿ ಸವಲತ್ತು ಇತ್ತು. 1964ರ ಭೂಕಂದಾಯ ಕಾಯಿದೆಯ 79ನೆಯ ಕಲಮು ಅದನ್ನು ಉಳಿಸಿಕೊಂಡಿತು. ಕುಮ್ಕಿ ಎಂಬುದು ಸವಲತ್ತೇ ಹೊರತು ಸ್ವಂತ ಆಸ್ತಿಯಲ್ಲ. ಆದರೂ ಹಾಡಿಯ ಅಂಚಿನಲ್ಲಿ ಎರಡು ತಲೆಮಾರು ಗೇರುಬೀಜ ಹೆಕ್ಕಿದವರಿಗೆ ಅದು ತಮ್ಮದೆಂದೇ ಅನಿಸುತ್ತದೆ. ಇದರ ಮೇಲೆ ಅಳಿಯಸಂತಾನದ ಕುಟುಂಬಗಳ ಪಾಲುಪಟ್ಟಿಗಳು. ಅವುಗಳ ಮೇಲೆ 1974ರ ಭೂಸುಧಾರಣೆ. ಆ ವರ್ಷದ ಮಾರ್ಚಿ 1ರಂದು ಗೇಣಿ ಜಮೀನುಗಳು ಸರಕಾರಕ್ಕೆ ಸೇರಿ, ಉಳುವವರು ಭೂನ್ಯಾಯ ಮಂಡಳಿಗಳಿಗೆ ಅರ್ಜಿ ಕೊಟ್ಟು ಹಕ್ಕು ಪಡೆದರು. ಈಗಿನ ಮಾಲಿಕರಲ್ಲಿ ಅನೇಕರು ಬೆಂಗಳೂರು, ಮುಂಬಯಿ, ಕೊಲ್ಲಿ ದೇಶಗಳಲ್ಲಿದ್ದಾರೆ. ಪಹಣಿಯಲ್ಲಿ ಒಬ್ಬರ ಹೆಸರು, ಅನುಭವದಲ್ಲಿ ಇನ್ನೊಬ್ಬರು, ಕಾಗದದಲ್ಲಿ ಅಜ್ಜಿಯ ಹೆಸರು, ಹೀಗಿರುವ ಮನೆಗಳು ನಿಮ್ಮ ಬೀದಿಯಲ್ಲಿಯೇ ಸಿಕ್ಕಾವು.

ಇಂಥ ಗಂಟನ್ನು ಬಿಡಿಸುವ ಸಿವಿಲ್ ದಾವೆ ವರುಷಗಟ್ಟಲೆ ನಡೆಯುತ್ತದೆ. “ಗೆದ್ದವನು ಸೋತ, ಸೋತವನು ಸತ್ತ” ಎಂಬ ಗಾದೆ ಸುಮ್ಮನೆ ಹುಟ್ಟಿದ್ದಲ್ಲ. ಪೋಲೀಸು ಫಿರ್ಯಾದಾದರೋ ಒಂದೇ ದಿನದಲ್ಲಿ ಆಗಿಹೋಗುತ್ತದೆ. ಎದುರಾಳಿಯನ್ನು ಠಾಣೆಗೆ ಕರೆಸುತ್ತಾರೆ, ಅವನು ಹೆದರುತ್ತಾನೆ, ಬಿಟ್ಟುಕೊಟ್ಟರೂ ಕೊಟ್ಟಾನು. ಆ ಆಸೆಯೇ ಬಹುಮಟ್ಟಿಗೆ ಇಂಥ ಫಿರ್ಯಾದುಗಳ ತಾಯಿ.

ಬೆಲೆ ತೆರುವವರು ಯಾರು? ಮನೆಯಲ್ಲಿ ಪರದೇಶದ ಕೆಲಸಕ್ಕೆ ಹೊರಟ ಹುಡುಗನಿದ್ದಾನೆ ಎಂದುಕೊಳ್ಳಿ. 1967ರ ಪಾಸ್‌ಪೋರ್ಟು ಕಾಯಿದೆಯ 6ನೆಯ ಕಲಮಿನಂತೆ, ಕ್ರಿಮಿನಲ್ ಕೋರ್ಟಿನಲ್ಲಿ ಮೊಕದ್ದಮೆ ನಡೆಯುತ್ತಿರುವವನಿಗೆ ಪಾಸ್‌ಪೋರ್ಟನ್ನು ನಿರಾಕರಿಸಬಹುದು. 1993ರ ಕೇಂದ್ರ ಸರಕಾರದ ಅಧಿಸೂಚನೆಯಂತೆ ಆ ಕೋರ್ಟಿನ ಅನುಮತಿ ತಂದರೆ ದಾರಿಯುಂಟು, ಆದರೆ ಅದಕ್ಕೂ ಅಲೆದಾಟ ತಪ್ಪಿದ್ದಲ್ಲ. ಎರಡು ಅಡಿ ಜಾಗದ ಜಗಳದಲ್ಲಿ ಅಪ್ಪನ ಜೊತೆಗೆ ಮಗನ ಹೆಸರನ್ನೂ ಸೇರಿಸಿಬಿಟ್ಟರೆ ಆ ಹುಡುಗನ ನಾಲ್ಕು ವರ್ಷ ಹೋದಂತೆಯೇ. ಮುಂದೆ ಜಾಗ ಯಾರಿಗೆ ಸಿಕ್ಕಿದರೂ ಆ ವರ್ಷಗಳನ್ನು ಯಾವ ಕೋರ್ಟೂ ಹಿಂದಕ್ಕೆ ಕೊಡಲಾರದು.

ಇನ್ನು, ಜಾಗದ ಜಗಳದಲ್ಲಿ ಅಪರಾಧವಾಗುವುದು ಯಾವಾಗ ಎಂಬುದನ್ನು ನೋಡೋಣ. 2024ರ ಜುಲೈ 1ರಿಂದ ಹಳೆಯ ಇಂಡಿಯನ್ ಪೀನಲ್ ಕೋಡಿನ ಜಾಗದಲ್ಲಿ ಭಾರತೀಯ ನ್ಯಾಯ ಸಂಹಿತೆ, ಕ್ರಿಮಿನಲ್ ಪ್ರೊಸೀಜರ್ ಕೋಡಿನ ಜಾಗದಲ್ಲಿ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಬಂದಿವೆ. ಕಲಮುಗಳ ಅಂಕೆ ಬದಲಾದರೂ ತಿರುಳು ಹೆಚ್ಚು ಬದಲಾಗಿಲ್ಲ.

ಮೊದಲನೆಯದು ಅಕ್ರಮ ಪ್ರವೇಶ. ಹಿಂದೆ 447, ಈಗ 329ನೆಯ ಕಲಮು. ಮೂರು ತಿಂಗಳ ವರೆಗೆ ಸಜೆ, ಐದು ಸಾವಿರ ರೂಪಾಯಿ ವರೆಗೆ ದಂಡ, ಅಥವಾ ಎರಡೂ. ಇಲ್ಲಿ ಎರಡು ಸಂಗತಿಗಳನ್ನು ಗಮನಿಸಬೇಕು. ಜಾಗ ಫಿರ್ಯಾದಿದಾರನ ಸ್ವಾಧೀನದಲ್ಲಿರಬೇಕು. ಹಕ್ಕು ಉಂಟೆಂದು ಹೇಳಿಕೊಂಡರಷ್ಟೆ ಸಾಲದು. ಮತ್ತು ಒಳಗೆ ಬಂದವನಿಗೆ ಅಪರಾಧ ಮಾಡುವ, ಬೆದರಿಸುವ, ಅವಮಾನಿಸುವ ಅಥವಾ ಉಪದ್ರವ ಕೊಡುವ ಉದ್ದೇಶವಿರಬೇಕು. ಉಪದ್ರವವಾದೀತೆಂದು ಗೊತ್ತಿದ್ದರೆ ಸಾಲದು, ಉಪದ್ರವ ಕೊಡುವುದೇ ಗುರಿಯಾಗಿರಬೇಕೆಂದು ಸುಪ್ರೀಂ ಕೋರ್ಟು 1960ರ ದಶಕದಲ್ಲಿಯೇ ಹೇಳಿದೆ. ತನ್ನದೇ ಗಡಿಯೆಂದು ಪ್ರಾಮಾಣಿಕವಾಗಿ ನಂಬಿ ಬೇಲಿ ಕಟ್ಟಿದವನು ತಪ್ಪು ತಿಳಿದಿರಬಹುದು. ತಪ್ಪು ತಿಳಿವಳಿಕೆ ಬೇರೆ, ಅಪರಾಧ ಬೇರೆ.

ಎರಡನೆಯದು ಕಳ್ಳತನ. ತಕರಾರಿನ ತೋಟದಿಂದ ತೆಂಗಿನಕಾಯಿ ಕೊಯ್ದರೆ ಅದು ಕಳ್ಳತನವೆ? ಕಳ್ಳತನಕ್ಕೆ ಅಪ್ರಾಮಾಣಿಕ ಮನಸ್ಸು ಬೇಕು. ಒಂದು ಕೆರೆಯ ಮೀನು ಹಿಡಿದ ಮೊಕದ್ದಮೆಯಲ್ಲಿ, 1965ರ ಕಾನೂನು ವರದಿಯಲ್ಲಿ ಪ್ರಕಟವಾದ ತೀರ್ಪಿನಲ್ಲಿ ಸುಪ್ರೀಂ ಕೋರ್ಟು ಇದನ್ನೇ ವಿವರಿಸಿತು. ತನಗೆ ಹಕ್ಕಿದೆಯೆಂದು ನಿಜವಾಗಿ ನಂಬಿ ತೆಗೆದುಕೊಂಡವನು ಕಳ್ಳನಲ್ಲ, ಆ ಹಕ್ಕು ಕಡೆಗೆ ಕೋರ್ಟಿನಲ್ಲಿ ನಿಲ್ಲದಿದ್ದರೂ ಸಹ. ಆದರೆ ಆ ನಂಬಿಕೆಗೆ ಆಧಾರ ಬೇಕು; ಹಗಲುಹೊತ್ತು ಎಲ್ಲರೆದುರು ಕೊಯ್ದವನಿಗೂ ರಾತ್ರಿ ಹೊತ್ತು ಕದ್ದು ಕೊಯ್ದವನಿಗೂ ಭೇದವುಂಟು.

ಮೂರನೆಯದು ವಂಚನೆ ಮತ್ತು ಸುಳ್ಳು ದಸ್ತಾವೇಜು. ಅಣ್ಣನಾದವನು ತಮ್ಮನ ಪಾಲನ್ನೂ ಸೇರಿಸಿ ಮಾರಿಬಿಟ್ಟ ಎಂಬುದು ಸಾಧಾರಣವಾಗಿ ಕೇಳಿಬರುವ ದೂರು. 2009ರ ಸೆಪ್ಟೆಂಬರಿನಲ್ಲಿ ಬಿಹಾರದ ಒಂದು ಜಮೀನಿನ ಬಗ್ಗೆ ಸುಪ್ರೀಂ ಕೋರ್ಟು ಕೊಟ್ಟ ತೀರ್ಪನ್ನು ಇಲ್ಲಿ ನೆನೆಯಬೇಕು. ಬೇರೆಯವರ ಜಾಗವನ್ನು ತನ್ನದೆಂದು ಹೇಳಿ, ತನ್ನ ಹೆಸರಿನಲ್ಲಿಯೇ ಕ್ರಯಪತ್ರ ಬರೆದುಕೊಟ್ಟರೆ ಆ ಹೇಳಿಕೆ ಸುಳ್ಳಿರಬಹುದು, ಆದರೆ ಅದು ಸುಳ್ಳು ದಸ್ತಾವೇಜಿನ ಸೃಷ್ಟಿಯಾಗುವುದಿಲ್ಲ. ತಾನು ಇನ್ನೊಬ್ಬನೆಂದು ಹೇಳಿ ಸಹಿ ಹಾಕಿದರೆ, ಬರೆದುದನ್ನು ತಿದ್ದಿದರೆ ಅದಾಗುತ್ತದೆ. ವಂಚನೆಯ ದೂರನ್ನು ಹೇಳಬೇಕಾದವನು ಹಣ ಕೊಟ್ಟು ಮೋಸಹೋದ ಖರೀದಿದಾರ. ನಿಜವಾದ ಮಾಲಿಕನಿಗೆ ಸಿವಿಲ್ ದಾವೆಯ ದಾರಿ ಉಂಟು. ಆ ಪ್ರಕರಣದಲ್ಲಿ ವಂಚನೆ, ಸುಳ್ಳು ದಸ್ತಾವೇಜುಗಳ ಆಪಾದನೆ ರದ್ದಾಯಿತು. ಹಲ್ಲೆಯ ಆಪಾದನೆ ಮಾತ್ರ ಹಾಗೆಯೇ ಉಳಿಯಿತು. ಒಂದೇ ಫಿರ್ಯಾದಿನಲ್ಲಿ ಕಾಳನ್ನೂ ಜೊಳ್ಳನ್ನೂ ಬೇರೆ ಮಾಡುವ ಬಗೆ ಇದು. ಹಾಗೆಯೇ ಮುಂಗಡ ಪಡೆದು ಕರಾರಿನಂತೆ ನಡೆಯದಿದ್ದ ಮಾತ್ರಕ್ಕೆ ವಂಚನೆಯಾಗದು, ಮೊದಲಿನಿಂದಲೇ ಮೋಸದ ಮನಸ್ಸಿದ್ದಿರಬೇಕು ಎಂದು 2000ದಲ್ಲಿ ಅದೇ ಕೋರ್ಟು ಇನ್ನೊಂದು ಜಮೀನಿನ ಪ್ರಕರಣದಲ್ಲಿ ಹೇಳಿದೆ.

ಬೈಗುಳ, ಬೆದರಿಕೆಯ ಆಪಾದನೆಗಳನ್ನು ಇವುಗಳ ಜೊತೆಗೆ ಸೇರಿಸುವುದು ರೂಢಿ. ಇವು ಮಾತ್ರ ಇದ್ದಲ್ಲಿ ಪೋಲೀಸರು ಮ್ಯಾಜಿಸ್ಟ್ರೇಟರ ಅಪ್ಪಣೆಯಿಲ್ಲದೆ ತನಿಖೆ ನಡೆಸುವಂತಿಲ್ಲ. ಅಂಥ ಅಪ್ಪಣೆಯನ್ನು “ಅನುಮತಿಸಿದೆ” ಎಂಬ ಒಂದೇ ಮಾತಿನಲ್ಲಿ ಬರೆದುಬಿಡಬಾರದು, ವಿಚಾರಮಾಡಿ ಕಾರಣಸಹಿತ ಬರೆಯಬೇಕು ಎಂದು ಕರ್ನಾಟಕ ಹೈಕೋರ್ಟಿನ ಕಲಬುರಗಿ ಪೀಠ 2019ರಲ್ಲಿ ಮಾರ್ಗಸೂಚಿ ಹಾಕಿಕೊಟ್ಟಿದೆ. ಖಾಸಗಿ ಫಿರ್ಯಾದಾದರೆ, ಹೊಸ ಸಂಹಿತೆಯ 223ನೆಯ ಕಲಮಿನಂತೆ ಆಪಾದಿತನ ಮಾತು ಕೇಳದೆ ಮ್ಯಾಜಿಸ್ಟ್ರೇಟರು ಅದನ್ನು ವಿಚಾರಣೆಗೆ ಅಂಗೀಕರಿಸುವಂತಿಲ್ಲ. ಮೊದಲು ಇಲ್ಲದಿದ್ದ ರಕ್ಷಣೆ ಇದು.

ಈಗ ರದ್ದುಪಡಿಸುವ ಅಧಿಕಾರಕ್ಕೆ ಬರೋಣ. ಹೈಕೋರ್ಟಿಗೆ ಹುಟ್ಟಿನಿಂದಲೇ ಬಂದ ಒಂದು ಅಧಿಕಾರವುಂಟು: ಕೋರ್ಟಿನ ವ್ಯವಹಾರವನ್ನು ಯಾರೂ ದುರುಪಯೋಗ ಮಾಡದಂತೆ ತಡೆಯುವುದು, ನ್ಯಾಯ ಕೆಡದಂತೆ ಕಾಯುವುದು. 1923ರಲ್ಲಿ ಅದನ್ನು ಹಳೆಯ ಪ್ರೊಸೀಜರ್ ಕೋಡಿನ 561-ಎ ಕಲಮಾಗಿ ಬರೆದಿಟ್ಟರು. 1973ರ ಕೋಡಿನಲ್ಲಿ ಅದು 482 ಆಯಿತು. ಈಗ ನಾಗರಿಕ ಸುರಕ್ಷಾ ಸಂಹಿತೆಯ 528. ಇದು ಹೈಕೋರ್ಟಿನದೇ ಅಧಿಕಾರ, ಕುಂದಾಪುರದ ಕೋರ್ಟಿಗೆ ಇದಿಲ್ಲ. ಉಡುಪಿ ಜಿಲ್ಲೆಯವರು ಇದಕ್ಕಾಗಿ ಬೆಂಗಳೂರಿನ ಪೀಠಕ್ಕೆ ಹೋಗಬೇಕು. ಶಿರೂರಿನ ಗಡಿ ದಾಟಿ ಭಟ್ಕಳದವರಾದರೆ ಧಾರವಾಡದ ಪೀಠಕ್ಕೆ.

ಈ ಅಧಿಕಾರವನ್ನು ಎಲ್ಲಿ ಬಳಸಬೇಕೆಂದು ಸುಪ್ರೀಂ ಕೋರ್ಟು ಮೊದಲು ಸ್ಪಷ್ಟವಾಗಿ ಹೇಳಿದ್ದು 1960ರ ಮಾರ್ಚಿಯಲ್ಲಿ, ಆರ್. ಪಿ. ಕಪೂರ್ ಎಂಬ ಐ.ಸಿ.ಎಸ್. ಅಧಿಕಾರಿಯ ಪ್ರಕರಣದಲ್ಲಿ. ವಿಶೇಷವೆಂದರೆ ಆ ಪ್ರಕರಣದ ಬೇರೂ ಜಮೀನೇ. ದೆಹಲಿಯ ಹತ್ತಿರದ ಜಮೀನು ಮಾರುವಾಗ ಸರಕಾರ ಅದನ್ನು ವಶಪಡಿಸಿಕೊಳ್ಳಲಿರುವುದನ್ನು ಮುಚ್ಚಿಟ್ಟರೆಂಬುದು ಆಪಾದನೆ. ಮೊಕದ್ದಮೆ ಹೂಡಲು ಕಾನೂನಿನ ಅಡ್ಡಿಯಿದ್ದಾಗ, ಫಿರ್ಯಾದಿನ ಮಾತುಗಳನ್ನೆಲ್ಲ ನಿಜವೆಂದು ಒಪ್ಪಿದರೂ ಅಪರಾಧ ಕಾಣದಿದ್ದಾಗ, ಆಪಾದನೆಗೆ ಸಾಕ್ಷ್ಯವೇ ಇಲ್ಲದಿದ್ದಾಗ ಹೈಕೋರ್ಟು ರದ್ದು ಮಾಡಬಹುದೆಂದು ಕೋರ್ಟು ಮೂರು ಬಗೆಗಳನ್ನು ಹೇಳಿತು. ಹೇಳಿ, ಕಪೂರರ ಮನವಿಯನ್ನು ತಳ್ಳಿಹಾಕಿತು. ಬಾಗಿಲು ಎಲ್ಲಿದೆಯೆಂದು ತೋರಿಸಿದ ಪ್ರಕರಣದವರೇ ಆ ಬಾಗಿಲಿನಿಂದ ಹೋಗಲಾಗಲಿಲ್ಲ. ಈ ಅಧಿಕಾರ ಎಷ್ಟು ಎಚ್ಚರಿಕೆಯದು ಎಂಬುದಕ್ಕೆ ಇದಕ್ಕಿಂತ ಬೇರೆ ನಿದರ್ಶನ ಬೇಡ.

1977ರಲ್ಲಿ ಕರ್ನಾಟಕದಿಂದಲೇ ಹೋದ ಒಂದು ಪ್ರಕರಣದಲ್ಲಿ, ಕೋರ್ಟಿನ ವ್ಯವಹಾರ ಜನರನ್ನು ಪೀಡಿಸುವ ಆಯುಧವಾಗಬಾರದು ಎಂದು ಸುಪ್ರೀಂ ಕೋರ್ಟು ನಮ್ಮ ಹೈಕೋರ್ಟಿನ ರದ್ದತಿಯನ್ನು ಎತ್ತಿಹಿಡಿಯಿತು. 1990ರ ಭಜನ್ ಲಾಲ್ ಪ್ರಕರಣದಲ್ಲಿ ಮೂರು ಬಗೆಗಳು ಏಳಾದವು. ಹಳೆಯ ಹಗೆಯಿಂದ, ಸೇಡಿನಿಂದ ಹೂಡಿದ ಮೊಕದ್ದಮೆ ಎಂಬುದು ಅವುಗಳಲ್ಲಿ ಒಂದು. ವಕೀಲರು ಇಂದಿಗೂ ಹೆಚ್ಚಾಗಿ ಮುಂದಿಡುವುದು ಆ ಪಟ್ಟಿಯನ್ನೇ.

ಹಾಗಾದರೆ ಹೈಕೋರ್ಟು ನೋಡುವುದೇನನ್ನು? ಫಿರ್ಯಾದನ್ನು ಎದುರಿಗಿಟ್ಟುಕೊಂಡು, “ಇದರಲ್ಲಿ ಬರೆದಿರುವುದೆಲ್ಲ ನಿಜವಾದರೆ ಅಪರಾಧವಾಯಿತೆ?” ಎಂದು ಕೇಳುತ್ತದೆ. ಯಾರ ಸಾಕ್ಷಿ ನಂಬತಕ್ಕದ್ದು, ಸರ್ವೆಯ ನಕ್ಷೆ ಸರಿಯೆ ಎಂದು ಕೆದಕುವುದಿಲ್ಲ. ಅದು ಕೆಳಗಿನ ಕೋರ್ಟಿನ ವಿಚಾರಣೆಯ ಕೆಲಸ. ಆದುದರಿಂದ “ನನ್ನ ಹತ್ತಿರ ಎಲ್ಲ ಕಾಗದವೂ ಇದೆ” ಎಂದು ಧೈರ್ಯದಿಂದ ಬೆಂಗಳೂರಿಗೆ ಹೋದವರು ನಿರಾಶರಾಗುವುದುಂಟು. ಎದುರಾಳಿಯೂ ಅಲ್ಲಗಳೆಯಲಾರದಂಥ ಕಾಗದ, ಉದಾಹರಣೆಗೆ ಅದೇ ಜಾಗದ ಬಗ್ಗೆ ಆಗಲೇ ಆದ ಸಿವಿಲ್ ಡಿಕ್ರಿ, ಇದ್ದರೆ ಮಾತು ಬೇರೆ. ಪಹಣಿಯಾದರೆ, ಅದರಲ್ಲಿ ಬರೆದುದು ಸುಳ್ಳೆಂದು ತೋರಿಸುವ ವರೆಗೆ ನಿಜವೆಂದು ಭಾವಿಸತಕ್ಕದ್ದು, ಅಷ್ಟೆ. ಅದೇ ಹಕ್ಕಿನ ಕೊನೆಯ ಮಾತಲ್ಲ.

ಮಧ್ಯಕಾಲದಲ್ಲಿ ತನಿಖೆಗೆ ತಡೆ ಸಿಕ್ಕೇ ಸಿಗುತ್ತದೆಂದೂ ನಂಬಬೇಡಿ. 2021ರ ಏಪ್ರಿಲಿನಲ್ಲಿ ಸುಪ್ರೀಂ ಕೋರ್ಟು, ತನಿಖೆಯನ್ನು ಮೊಳಕೆಯಲ್ಲೇ ಚಿವುಟಬಾರದು, ಕಾರಣ ಬರೆಯದೆ ತಡೆ ಕೊಡಬಾರದು ಎಂದು ಹೈಕೋರ್ಟುಗಳನ್ನು ಎಚ್ಚರಿಸಿದೆ.

ಇದಕ್ಕಿಂತ ಮುಖ್ಯವಾದ ಇನ್ನೊಂದು ಮಾತುಂಟು. ಜಾಗದ ವಿಷಯವೆಂದ ಮಾತ್ರಕ್ಕೆ ಫಿರ್ಯಾದು ರದ್ದಾಗುವುದಿಲ್ಲ. ಒಂದೇ ಸಂಗತಿಯಿಂದ ಸಿವಿಲ್ ವ್ಯಾಜ್ಯವೂ ಕ್ರಿಮಿನಲ್ ಅಪರಾಧವೂ ಹುಟ್ಟಬಹುದು. 2020ರಲ್ಲಿ ಕರ್ನಾಟಕದ ಒಂದು ಪ್ರಕರಣದಲ್ಲಿ, ಸಿವಿಲ್ ದಾವೆ ನಡೆಯುತ್ತಿದೆ ಎಂಬ ಕಾರಣದಿಂದ ಹೈಕೋರ್ಟು ರದ್ದು ಮಾಡಿದ್ದ ಮೊಕದ್ದಮೆಯನ್ನು ಸುಪ್ರೀಂ ಕೋರ್ಟು ಮತ್ತೆ ಜೀವಗೊಳಿಸಿತು. 2025ರ ಜುಲೈಯಲ್ಲಿ ಮತ್ತೊಂದು. ಬೆಂಗಳೂರಿನ ಮೆಟ್ರೋ ರೈಲಿಗೆ ಹೋದ ಕುಟುಂಬದ ಜಮೀನಿಗೆ 33 ಕೋಟಿ ರೂಪಾಯಿ ಪರಿಹಾರ ಬಂದಿತ್ತು. ಹೆಣ್ಣುಮಕ್ಕಳ ಹೆಸರನ್ನು ಬಿಟ್ಟು ವಂಶವೃಕ್ಷ ಬರೆಸಿ ಅವರ ಪಾಲು ತಪ್ಪಿಸಿದರೆಂಬುದು ಆಪಾದನೆ. ಹೈಕೋರ್ಟು ರದ್ದು ಮಾಡಿತ್ತು. ಸುಪ್ರೀಂ ಕೋರ್ಟು ವಿಚಾರಣೆ ನಡೆಯಲಿ ಎಂದಿತು. ವಂಶವೃಕ್ಷವೆಂಬ ಆ ಒಂದು ಹಾಳೆಯ ಮಹತ್ವ ನಮ್ಮ ಕಡೆಯ ಪಾಲುಪಟ್ಟಿಯ ಮನೆಗಳಿಗೆ ಹೇಳಿಕೊಡಬೇಕಾಗಿಲ್ಲ. ಅಕ್ಕತಂಗಿಯರನ್ನು ಮರೆಮಾಡಿದವನು “ಇದು ಮನೆಯ ಜಾಗದ ವಿಷಯ” ಎಂದು ಪಾರಾಗುವಂತಿಲ್ಲ.

ಹೊಡೆತ ಬಿದ್ದಿದ್ದರೆ, ಮನೆಯೊಳಗೆ ನುಗ್ಗಿದ್ದರೆ, ಸಹಿಯನ್ನು ನಕಲು ಮಾಡಿದ್ದರೆ ಅದು ಅಪರಾಧವೇ. ಪರಿಶಿಷ್ಟ ಜಾತಿ, ಪಂಗಡದವರ ಜಮೀನನ್ನು ಅನ್ಯಾಯವಾಗಿ ಆಕ್ರಮಿಸುವುದನ್ನು 1989ರ ದೌರ್ಜನ್ಯ ತಡೆ ಕಾಯಿದೆಯೇ ಅಪರಾಧವೆಂದು ಹೇಳಿದೆ. ಅಲ್ಲಿ ಜಾಗದ ಪ್ರಶ್ನೆ, ಅಪರಾಧದ ಪ್ರಶ್ನೆ ಎರಡೂ ಒಂದಾಗಿಬಿಡುತ್ತವೆ. ನಿಜವಾಗಿ ನೊಂದವರು ಠಾಣೆಗೆ ಹೋಗಲು ಹಿಂಜರಿಯಬೇಕಾಗಿಲ್ಲ. ಸುಳ್ಳು ಫಿರ್ಯಾದುಗಳಿಂದ ದೊಡ್ಡ ನಷ್ಟವಾಗುವುದೂ ಇವರಿಗೇ. ಹತ್ತು ಬೇಲಿಜಗಳಗಳನ್ನು ನೋಡಿ ಬೇಸತ್ತ ಠಾಣೆ ಹನ್ನೊಂದನೆಯದನ್ನೂ ಬೇಲಿಜಗಳವೆಂದೇ ತಿಳಿದೀತು.

ಇಷ್ಟು ತಿಳಿದ ಮೇಲೆ, ನೀವು ಮಾಡಬೇಕಾದುದೇನು? ಗಡಿಯ ಸಂಶಯವಿದ್ದರೆ ಮೊದಲು ಸರ್ವೆ ಇಲಾಖೆಗೆ ಅರ್ಜಿ ಕೊಟ್ಟು, ನೆರೆಯವರಿಗೆ ತಿಳಿವಳಿಕೆ ಕೊಟ್ಟು ಅಳತೆ ಮಾಡಿಸಿರಿ. ಪಾಗಾರ ಏಳುತ್ತಿದ್ದರೆ ಸಿವಿಲ್ ಕೋರ್ಟಿನಿಂದ ತಡೆಯಾಜ್ಞೆ ಕೇಳಿರಿ. ಸ್ವಾಧೀನದಲ್ಲಿದ್ದ ಜಾಗದಿಂದ ಬಲಾತ್ಕಾರವಾಗಿ ಹೊರಹಾಕಿದ್ದರೆ, 1963ರ ನಿರ್ದಿಷ್ಟ ಪರಿಹಾರ ಕಾಯಿದೆಯ 6ನೆಯ ಕಲಮಿನಂತೆ ಆರು ತಿಂಗಳೊಳಗೆ ದಾವೆ ಹೂಡಬಹುದು. ಅಲ್ಲಿ ಹಕ್ಕಿನ ಪ್ರಶ್ನೆಯನ್ನೇ ಎತ್ತುವಂತಿಲ್ಲ. ಸ್ವಾಧೀನವಿತ್ತೆ, ಕಾನೂನು ಮೀರಿ ತೆಗೆದರೆ ಎಂಬಿಷ್ಟೇ. ಈ ಆರು ತಿಂಗಳನ್ನು ಠಾಣೆಯ ಮೆಟ್ಟಿಲಲ್ಲಿ ಕಳೆದುಕೊಂಡವರು ಎಷ್ಟೋ ಮಂದಿ. ಹೊಡೆದಾಟವಾದೀತೆಂಬ ಭಯವಿದ್ದರೆ ನಾಗರಿಕ ಸುರಕ್ಷಾ ಸಂಹಿತೆಯ 164, ಅಂದರೆ ಹಿಂದಿನ 145ನೆಯ ಕಲಮಿನಂತೆ ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರು ಸದ್ಯಕ್ಕೆ ಸ್ವಾಧೀನ ಯಾರದೆಂದು ತೀರ್ಮಾನಿಸಬಲ್ಲರು. ಆದರೆ ಅದೇ ಜಾಗದ ಬಗ್ಗೆ ಸಿವಿಲ್ ದಾವೆ ಇದ್ದಾಗ ಇದನ್ನು ಜೊತೆಜೊತೆಗೆ ನಡೆಸುವುದು ಸರಿಯಲ್ಲವೆಂದು 1985ರಲ್ಲಿ ಸುಪ್ರೀಂ ಕೋರ್ಟು ಹೇಳಿದೆ. 1974ಕ್ಕೆ ಹಿಂದಿನ ಗೇಣಿಯ ಪ್ರಶ್ನೆ ಎದ್ದರಂತೂ ಭೂಸುಧಾರಣಾ ಕಾಯಿದೆಯ 133ನೆಯ ಕಲಮು, ಅದನ್ನು ಸಿವಿಲ್ ಕೋರ್ಟೂ ಕ್ರಿಮಿನಲ್ ಕೋರ್ಟೂ ತೀರ್ಮಾನಿಸಬಾರದೆಂದು ಭೂನ್ಯಾಯ ಮಂಡಳಿಗೆ ಬಿಟ್ಟಿದೆ.

ನಿಮ್ಮ ಮೇಲೆಯೇ ಫಿರ್ಯಾದಾಗಿದ್ದರೆ ಗಾಬರಿಪಡದೆ ಮೊದಲು ಅದರ ನಕಲು ಪಡೆದು ಶಬ್ದಶಬ್ದವಾಗಿ ಓದಿರಿ. ಯಾರು, ಯಾವ ದಿನ, ಏನು ಮಾಡಿದರೆಂದು ಬರೆದಿದೆಯೆ? ಮನೆಯವರೆಲ್ಲರ ಹೆಸರನ್ನು ಒಟ್ಟಾಗಿ ಸೇರಿಸಿದೆಯೆ? ಹಳೆಯ ಸಿವಿಲ್ ದಾವೆಯ ಮಾತನ್ನು ಮುಚ್ಚಿಟ್ಟಿದೆಯೆ? ವಕೀಲರಿಗೆ ಬೇಕಾಗುವುದು ಇದೇ. ಬೆಂಗಳೂರೊಂದೇ ದಾರಿಯೆಂದೂ ತಿಳಿಯಬೇಡಿ. ಮ್ಯಾಜಿಸ್ಟ್ರೇಟರ ಆಜ್ಞೆಯ ಮೇಲೆ ಸೆಷನ್ಸ್ ಕೋರ್ಟಿಗೆ ಪುನರ್ವಿಮರ್ಶೆಯ ಅರ್ಜಿ ಹಾಕಬಹುದು. ತಕ್ಕ ಪ್ರಕರಣಗಳಲ್ಲಿ ಆಪಾದನೆ ಹೊರಿಸುವ ಮೊದಲೇ ಬಿಡುಗಡೆ ಕೇಳಬಹುದು. ರಾಜಿಯಾದರೆ ಇನ್ನೂ ಸುಲಭ: ಅಕ್ರಮ ಪ್ರವೇಶದಂಥ ಸಣ್ಣ ಅಪರಾಧಗಳನ್ನು ಸ್ವಾಧೀನದಾರನು ಕೆಳಗಿನ ಕೋರ್ಟಿನಲ್ಲಿಯೇ ರಾಜಿಮಾಡಿಕೊಳ್ಳಬಹುದು. ಹಾಗೆ ರಾಜಿಯಾಗಲಾರದ ಕಲಮುಗಳಿದ್ದರೂ, ಮೂಲದಲ್ಲಿ ಸಿವಿಲ್ ಸ್ವರೂಪದ ಜಗಳವಾಗಿದ್ದಲ್ಲಿ ಹೈಕೋರ್ಟು ರಾಜಿಯ ಮೇಲೆ ರದ್ದು ಮಾಡಬಹುದೆಂದು 2012ರಲ್ಲಿ ಸುಪ್ರೀಂ ಕೋರ್ಟು ತೀರ್ಮಾನಿಸಿದೆ.

ಕಡೆಯದಾಗಿ ಒಂದು ಮಾತು. ಫಿರ್ಯಾದು ರದ್ದಾದ ದಿನ ಪಟಾಕಿ ಹೊಡೆಯುವವರುಂಟು. ರದ್ದಾದುದು ಅಪರಾಧದ ಆಪಾದನೆ ಮಾತ್ರ. ಜಾಗ ನಿಮ್ಮದೆಂದು ಯಾರೂ ಹೇಳಿರುವುದಿಲ್ಲ. ಗಡಿಕಲ್ಲು ಇದ್ದಲ್ಲೇ ಇರುತ್ತದೆ, ಪ್ರಶ್ನೆಯೂ ಇದ್ದಲ್ಲೇ ಇರುತ್ತದೆ. ಅದನ್ನು ಸರ್ವೆಯವರ ಸರಪಣಿಯಿಂದಲೋ, ಸಿವಿಲ್ ಕೋರ್ಟಿನ ಡಿಕ್ರಿಯಿಂದಲೋ, ಊರ ಹಿರಿಯರೆದುರು ಕುಳಿತು ಬರೆದ ಕರಾರಿನಿಂದಲೋ ಬಗೆಹರಿಸಿಯೇ ತೀರಬೇಕು. ಠಾಣೆಗೆ ಹೊರಡುವ ಮೊದಲು, “ನಾನು ಕೇಳಹೊರಟಿರುವುದು ಜಾಗವನ್ನೋ, ಅಪರಾಧಕ್ಕೆ ಶಿಕ್ಷೆಯನ್ನೋ?” ಎಂದು ಒಮ್ಮೆ ನಿಮ್ಮನ್ನೇ ಕೇಳಿಕೊಳ್ಳಿ. ಉತ್ತರ ಜಾಗವೆಂದಾದರೆ, ನೀವು ತಟ್ಟಬೇಕಾದ ಬಾಗಿಲು ಬೇರೆ.